ಭಾಷಣದ ಬದಲು ಪಾದಪೂಜೆ

ಪೋದೇರನ ಪೀಂಪೀಂ ಕೇಳಿಸಿದಾಗ ನಾನು ಮೊದಲನೆಯ ರೊಟ್ಟಿ ತಟ್ಟುತ್ತಿದ್ದೆ. ಸೈಕಲ್ಲಿನ ಹಿಂದೆ ಬುಟ್ಟಿ ಕಟ್ಟಿಕೊಂಡು ಪಾವ್ ಮಾರುವವನನ್ನು ಇಲ್ಲಿ ಹಾಗೆ ಕರೆಯುತ್ತಾರೆ. ಭಾನುವಾರವಾದರೂ ನಮ್ಮ ಮನೆಯಲ್ಲಿ ಎರಡು ತರದ ನಾಷ್ಟಾ. ಬಂದರಿನ ಮೊದಲ ಪಾಳಿಗೆ ಹೋಗುವ ಗಂಡನಿಗೆ ಜೋಳದ ರೊಟ್ಟಿ, ಗೋವೆಯಲ್ಲೇ ಹುಟ್ಟಿದ ಮಗನಿಗೆ ಪಾವ್. ಹಿಟ್ಟಿನ ಕೈಯಲ್ಲೇ ಹೊರಗೆ ಹೋಗಿ ಪಾವ್ ತಂದೆ. ನಳ ಬರುವ ಹೊತ್ತು, ಕೊಡ ಇಟ್ಟೆ. ಕಿಟಕಿಯ ಸರಳಿಗೆ ಮಗ ನಿನ್ನೆ ಸಂಜೆ ನೇತುಹಾಕಿದ ಫುಟ್‌ಬಾಲ್ ಸಾಕ್ಸಿನಿಂದ ಕೆಂಪು ಮಣ್ಣು ಉದುರಿ ಕಟ್ಟೆಯ ಮೇಲೆ ಸಣ್ಣ ಗೆರೆಯಾಗಿತ್ತು. ಅದನ್ನು ಒರೆಸಿದೆ. ದಾಬೋಲಿಮ್ ನಿಲ್ದಾಣದ ಬೆಳಗಿನ ಮೊದಲ ವಿಮಾನ ಮಾಡಿನ ಮೇಲಿನಿಂದ ಹೋಗುವಾಗ ಮನೆಯಲ್ಲಿ ಯಾರೂ ಮಾತಾಡುವುದಿಲ್ಲ. ಅದು ಹೋದ ಮೇಲೆ ಗಂಡ ಡಬ್ಬಿ ಕೈಗೆ ತೆಗೆದುಕೊಂಡು, "ಇವತ್ತ ನಿಂದು ಭಾಷಣ ಅಲ್ಲ? ಚಲೋ ಮಾಡು. ಭಾಳ ಉದ್ದ ಮಾಡಬ್ಯಾಡ" ಎಂದು ಹೇಳಿ ಚಪ್ಪಲಿ ಮೆಟ್ಟಿಕೊಂಡರು.

ಆ ದಿನ ವಾಸ್ಕೋದ ಒಂದು ಬಾಡಿಗೆಯ ಸಭಾಗೃಹದಲ್ಲಿ ನಮ್ಮ ಉತ್ತರ ಕರ್ನಾಟಕದ ಕಡೆಯವರ ಸಂಘದ ವಾರ್ಷಿಕ ಕಾರ್ಯಕ್ರಮ ಇತ್ತು. ಆಹ್ವಾನ ಪತ್ರಿಕೆಯಲ್ಲಿ ನನ್ನ ಹೆಸರಿನ ಮುಂದೆ ಅಚ್ಚಾಗಿತ್ತು: ಉಪನ್ಯಾಸ, ಸಾಹಿತ್ಯ ಮತ್ತು ಸಿನಿಮಾದಲ್ಲಿ ತಾಯಿ-ಮಗ. ಹದಿನೈದು ನಿಮಿಷ. ಮದುವೆಯಾಗಿ ಗೋವೆಗೆ ಬಂದ ಮೇಲೆ ನನ್ನ ಹೆಸರು ಅಚ್ಚಾದದ್ದು ಅದೇ ಮೊದಲು, ರೇಷನ್ ಕಾರ್ಡನ್ನು ಬಿಟ್ಟರೆ.

ಸಭೆಯಲ್ಲಿ ಎಷ್ಟು ಜನ ಇರುತ್ತಾರೆ ಎನ್ನುವ ಚಿಂತೆ ನನಗಿರಲಿಲ್ಲ. ನನಗೆ ಬೇಕಾಗಿದ್ದದ್ದು ಒಬ್ಬನೇ ಕೇಳುಗ. ಮಗನಿಗೆ ಆಗ ಹದಿನೈದು. ಅವನು ನನ್ನ ಜೊತೆ ಆಡುವ ಮಾತು ಒಂದು ಕೈಯ ಬೆರಳುಗಳಲ್ಲಿ ಮುಗಿಯುವಷ್ಟಾಗಿತ್ತು. ಹಸಿವಿ ಆಗೇದ, ಅಂಗಿ ಎಲ್ಲಿ, ಬರ್ತೇನಿ, ಆಮ್ಯಾಲೆ, ಗೊತ್ತೈತಿ. ನಾನು ಏನಾದರೂ ಹೇಳತೊಡಗಿದರೆ ಮೂರನೆಯ ವಾಕ್ಯಕ್ಕೆ ಅವನ ಕಣ್ಣು ಬಾಗಿಲ ಕಡೆಗೆ ಹೊರಳುತ್ತಿತ್ತು. ಒಮ್ಮೆ, ಒಂದೇ ಒಂದು ಸಲ, ನಾನು ಮೊದಲಿನಿಂದ ಕೊನೆಯವರೆಗೆ ಮಾತಾಡುವುದನ್ನು ಅವನು ಕೂತು ಕೇಳಬೇಕು ಎಂಬ ಆಸೆ. ಊಟ, ಓದು, ಸ್ನಾನ ಇವುಗಳ ಬಗ್ಗೆ ಅಲ್ಲ. ನಾನು ಓದಿದ್ದರ ಬಗ್ಗೆ, ನೋಡಿದ್ದರ ಬಗ್ಗೆ. ಅವನು ಒಂದು ಮ್ಯಾಚ್ ಬಿಟ್ಟು ಬರಲು ಒಪ್ಪಿಕೊಂಡಿದ್ದ. ಅದಕ್ಕಾಗಿ ನಾನು ಅವನನ್ನು ಎರಡು ವಾರ ಬೇಡಿಕೊಂಡಿದ್ದೆ.

ಆ ಭಾಷಣವನ್ನು ನಾನು ಮಧ್ಯಾಹ್ನಗಳಲ್ಲಿ ಕಟ್ಟಿದ್ದೆ. ಕೇಬಲ್‌ನಲ್ಲಿ ಕನ್ನಡದ ಚಾನೆಲ್ ಬರುತ್ತಿತ್ತು. ಅಕ್ಕಿ ಆರಿಸುತ್ತ, ಸೊಪ್ಪು ಸೋಸುತ್ತ ಹಳೆಯ ಸಿನಿಮಾಗಳನ್ನು ನೋಡುತ್ತಿದ್ದೆ. ನೋಡಿ ನೋಡಿ ನನಗೆ ಕೆಲವು ಸಂಗತಿಗಳು ಕಾಣತೊಡಗಿದವು. ಸಿನಿಮಾದ ತಾಯಿಗೆ ಹೊಲಿಗೆ ಯಂತ್ರ ಇರುತ್ತದೆ, ಕೆಮ್ಮು ಇರುತ್ತದೆ, ಆದರೆ ಗೆಳತಿ ಇರುವುದಿಲ್ಲ. ಅವಳ ಕೈಯಲ್ಲಿ ಪುಸ್ತಕ ಇರುವುದಿಲ್ಲ, ದಿನಪತ್ರಿಕೆ ಕೂಡ ಇಲ್ಲ. "ನಂದು ಊಟ ಆತಪ್ಪ" ಎಂದು ಸುಳ್ಳು ಹೇಳುತ್ತಾಳೆ, ಮಗ ನಂಬುತ್ತಾನೆ; ಇಷ್ಟು ಬುದ್ಧಿವಂತ ಮಗ, ರಾಜ್ಯಕ್ಕೇ ಮೊದಲು ಬರುವವನು, ಖಾಲಿ ಗಡಿಗೆಯತ್ತ ಒಮ್ಮೆಯೂ ನೋಡುವುದಿಲ್ಲ. ಅವನು ಪಾಸಾಗಿ ಓಡಿಬಂದಾಗ ಕ್ಯಾಮೆರಾ ತಾಯಿಯ ಮುಖದಿಂದ ಇಳಿದು ಅವಳ ಕಾಲಿಗೆ ಬರುತ್ತದೆ. ಮುಖವನ್ನು ಏನು ಮಾಡಬೇಕೆಂದು ತಿಳಿಯದಿದ್ದಾಗಲೆಲ್ಲ ಅದು ಕಾಲಿಗೆ ಬರುತ್ತದೆ ಎಂದು ನನಗೆ ಅನ್ನಿಸಿತ್ತು. ಕೊನೆಗೆ ಅವಳು ಮಗನ ತೊಡೆಯ ಮೇಲೆ ಸಾಯುತ್ತಾಳೆ, ಅಲ್ಲಿ ಮಾತ್ರ ಅವಳಿಗೆ ಉದ್ದನೆಯ ಮಾತು ಕೊಡುತ್ತಾರೆ.

ಪುಸ್ತಕಗಳ ತಾಯಿಯೂ ಬಹಳ ಬೇರೆಯವಳಲ್ಲ. ಹುಬ್ಬಳ್ಳಿಯ ಕಾನ್ವೆಂಟಿನಲ್ಲಿ ಓದುತ್ತಿದ್ದಾಗ ಸಿಸ್ಟರ್ ಒಬ್ಬರು ವಾರಪತ್ರಿಕೆಗಳ ಕತೆಗಳನ್ನು ಕತ್ತರಿಸಿ ಹೊಲಿದು ಗ್ರಂಥಾಲಯದಲ್ಲಿ ಇಟ್ಟಿರುತ್ತಿದ್ದರು. ಅದರಲ್ಲಿ ಒಂದು ಕತೆ: ಮಗ ತಾಯಿ ಸತ್ತ ಮೇಲೆ ಮನೆಗೆ ಬರುತ್ತಾನೆ, ಗೂಡಿನಲ್ಲಿ ಅವಳ ಕನ್ನಡಕ ಸಿಗುತ್ತದೆ, ಅದನ್ನು ಎದೆಗೆ ಒತ್ತಿಕೊಂಡು ಅಳುತ್ತಾನೆ. ಕತೆ ಮುಗಿಯಿತು. ನಾವೆಲ್ಲ ಹುಡುಗಿಯರು ಅತ್ತೆವು. ಇಪ್ಪತ್ತು ವರ್ಷ ಕಳೆದ ಮೇಲೆ, ಸೊಪ್ಪು ಸೋಸುವಾಗ, ನನಗೆ ಹೊಳೆಯಿತು: ಆ ಕನ್ನಡಕ ಹಾಕಿಕೊಂಡು ಅವಳು ಏನು ಓದುತ್ತಿದ್ದಳು? ಬರೆದವರು ಹೇಳಿಯೇ ಇಲ್ಲ. ಮಗನಿಗೂ ಕೇಳಬೇಕೆನ್ನಿಸಿಲ್ಲ. ಅವನಿಗೆ ಅವಳ ಸೀರೆಯ ವಾಸನೆ ನೆನಪಿದೆ, ಬಿರಿದ ಅಂಗೈ ನೆನಪಿದೆ. ಅವಳು ಹೇಳಿದ ಒಂದು ಮಾತು ನೆನಪಿಲ್ಲ, "ಉಣ್ಣು" ಎಂಬುದನ್ನು ಬಿಟ್ಟು. ನಮ್ಮ ಓಣಿಯ ತಿರುವಿನ ಇಗರ್ಜಿಯ, ಅಂದರೆ ಚರ್ಚಿನ, ಗೂಡಿನಲ್ಲಿ ಸತ್ತ ಮಗನನ್ನು ಮಡಿಲಲ್ಲಿ ಇಟ್ಟುಕೊಂಡು ಕೂತ ತಾಯಿಯ ಮೂರ್ತಿ ಇದೆ. ದಿನವೂ ಅದರ ಮುಂದೆ ಹಾದುಹೋಗುವಾಗ ನಾನು ಆ ಮುಖವನ್ನೇ ನೋಡುತ್ತೇನೆ. ಅವಳಿಗೆ ಹೇಳಲು ಏನೋ ಇದೆ ಎನ್ನಿಸುತ್ತದೆ. ಇವೆಲ್ಲ ನನ್ನ ಭಾಷಣದಲ್ಲಿದ್ದವು.

ಭಾಷಣಕ್ಕೆಂದು ತೆಗೆದಿಟ್ಟಿದ್ದ ತಿಳಿಗಂದು ಬಣ್ಣದ ಹತ್ತಿ ಸೀರೆ ಉಟ್ಟೆ. ಮಗ ಇಸ್ತ್ರಿ ಮಾಡಿದ ಅಂಗಿ ಹಾಕಿಕೊಂಡ. ಬಸ್ಸಿನಲ್ಲಿ ಕಿಟಕಿಯ ಪಕ್ಕ ಕೂತು, "ಎಷ್ಟೊತ್ತಿಗೆ ಮುಗೀತೈತಿ?" ಎಂದ.

"ಊಟ ಆದಮ್ಯಾಲೆ ಬಂದ್ಬಿಡೂಣು."

"ನಿಂದು ಎಷ್ಟೊತ್ತಿಗೆ?"

"ಮೊದಲಿಗೇ ಐತಿ."

"ಹಂಗಾರ ಚಲೋ," ಎಂದ. ಅದು ನನ್ನ ಮಾತು ಕೇಳುವ ಉತ್ಸಾಹವೋ, ಬೇಗ ಮುಗಿಯುತ್ತದೆ ಎಂಬ ನೆಮ್ಮದಿಯೋ ಎಂದು ನಾನು ಹೆಚ್ಚು ಯೋಚಿಸಲು ಹೋಗಲಿಲ್ಲ.

ಸಭಾಗೃಹದ ವೇದಿಕೆಯ ಮೇಲೆ ಮೈಕಿನ ಕಂಬ ಮೂಲೆಗೆ ಸರಿದಿತ್ತು. ನಡುವೆ ಪ್ಲಾಸ್ಟಿಕ್ ಕುರ್ಚಿಗಳ ಸಾಲು, ಪ್ರತಿ ಕುರ್ಚಿಯ ಮುಂದೆ ಅಗಲ ತಟ್ಟೆಯಂತಹ ಒಂದೊಂದು ಸ್ಟೀಲಿನ ಪರಾತ, ತಂಬಿಗೆ, ಅರಿಶಿಣ ಕುಂಕುಮದ ಬಟ್ಟಲು. ಸಂಘದ ಮಹಿಳಾ ಕಾರ್ಯದರ್ಶಿ ಸೆರಗಿನಿಂದ ಬೆವರು ಒರೆಸಿಕೊಳ್ಳುತ್ತ ಓಡಿಬಂದರು.

"ಮೇಡಂ, ಒಂಚೂರು ಬದಲಾಗೇತ್ರಿ. ಅಧ್ಯಕ್ಷರು ಮೊನ್ನೆ ಊರಿಗೆ ಹೋಗಿದ್ದರಲ್ರಿ, ಅಲ್ಲಿ ಸಾಲ್ಯಾಗ ಮಕ್ಕಳು ತಾಯಂದಿರ ಪಾದಪೂಜಾ ಮಾಡಿದ್ದು ನೋಡಿ ಬಂದಾರ್ರಿ. ನೋಡಿ ಅತ್ತ ಬಿಟ್ಟಾರಂತ. ನಮ್ಮಲ್ಲೂ ಆಗಲೇಬೇಕು ಅಂದ್ರು. ನಿಮ್ಮ ವಿಷಯಕ್ಕ ಕರೆಕ್ಟ್ ಹೊಂದತೈತಿ ನೋಡ್ರಿ, ತಾಯಿ-ಮಗ!"

"ಮತ್ತ ನನ್ನ ಭಾಷಣ?"

"ಆಮ್ಯಾಲೆ ಐತ್ರಿ. ಎಲ್ಲಿ ಹೋಗತೈತಿ ಅದು? ಮೊದಲ ನೀವು ಕುರ್ಚಿ ಮ್ಯಾಲ ಕುಂದರ್ರಿ. ಏ ತಮ್ಮಾ, ಪ್ಯಾಂಟ್ ಮಡಚು, ಬಾ ಇಲ್ಲಿ."

ಮಗ ನನ್ನ ಮುಖ ನೋಡಿದ. ಊರಿನ ಶಾಲೆಗಳಲ್ಲಿ ಇದು ಈಗ ವಾಡಿಕೆ. ಮಕ್ಕಳು ತಾಯಿಯ ಕಾಲು ತೊಳೆದು, ಹೂವು ಏರಿಸಿ, ಆರತಿ ಮಾಡಿ, ಸುತ್ತು ಬಂದು ನಮಸ್ಕರಿಸುತ್ತಾರೆ. ಮೈಕಿನಲ್ಲಿ ಒಬ್ಬರು ಅಳು ಬರುವ ಹಾಗೆ ಮಾತಾಡುತ್ತಾರೆ. ಆದರೆ ಇವನು ಅಲ್ಲಿ ಬೆಳೆದವನಲ್ಲ. "ಕಿತೆಂ ಹೆಂ?" ಎಂದು ಕೊಂಕಣಿಯಲ್ಲಿ ಮೆಲ್ಲಗೆ ಕೇಳಿದ, ಇದೇನು ಎಂದು. ಕಾನ್ವೆಂಟಿನಲ್ಲಿ ನಮಗೆ ಸಿಟ್ಟು ಬಂದಾಗ "ಎಕ್ಸ್‌ಕ್ಯೂಸ್ ಮಿ" ಎನ್ನಲು ಕಲಿಸಿದ್ದರು. ಅದರ ನಂತರ ಏನು ಹೇಳಬೇಕೆಂದು ಕಲಿಸಿರಲಿಲ್ಲ. ನಾನು ಹೋಗಿ ಕುರ್ಚಿಯ ಮೇಲೆ ಕೂತೆ. ಅವನು ಪ್ಯಾಂಟ್ ಮಡಚಿ ಪರಾತದ ಮುಂದೆ ಕುಕ್ಕರಗಾಲಲ್ಲಿ ಕೂತ.

ಅಷ್ಟರಲ್ಲಿ ಫೋಟೋದವನು ಬಂದ. ಅವನು ಸಾಲನ್ನು ಒಮ್ಮೆ ನೋಡಿ ಮುಖ ಸಿಂಡರಿಸಿದ. "ಹಿಂಗ ಬ್ಯಾಡ್ರಿ. ರೇಷ್ಮಿ ಸೀರಿಯವರು ನಡುವ ಬರ್ರಿ. ಕಾಟನ್ನಿನವರು ಆಕಡೆ ಈಕಡೆ ತುದಿಗೆ ಹೋಗ್ರಿ. ಏ ಹುಡುಗೂರಾ, ನೀವು ಅಲ್ಲಾಡಬ್ಯಾಡ್ರಿ, ಪರಾತದಾಗ ನೀರೈತಿ!"

ತಾಯಂದಿರು ಎದ್ದು ಜಾಗ ಬದಲಿಸಿದರು. ಹುಡುಗರು ಕೂತಲ್ಲೇ ಕೂತರು. ನಾನು ಎಡ ತುದಿಯ ಕುರ್ಚಿಗೆ ಹೋಗಿ ಕೂತಾಗ ನನ್ನ ಮುಂದೆ ಎಂಟು ವರ್ಷದ, ಮುಂದಿನ ಎರಡು ಹಲ್ಲು ಬಿದ್ದ ಒಬ್ಬ ಹುಡುಗ ಇದ್ದ. ನನ್ನ ಮಗ ನಡುವೆ ಉಳಿದಿದ್ದ. ಅವನ ಮುಂದೆ, ನಾನು ಬಿಟ್ಟುಬಂದ ಕುರ್ಚಿಯಲ್ಲಿ, ಪಣಜಿ ಹತ್ತಿರದ ಚಿಂಬಲ್ಲಿನಿಂದ ಬಂದಿದ್ದ ಒಬ್ಬ ಹೆಂಗಸು ಕೆಂಪು ರೇಷ್ಮೆಯಲ್ಲಿ ಕೂತಿದ್ದಳು. ಕಟ್ಟಡದ ಕೆಲಸಕ್ಕೆ ಹೋಗುವವಳು, ಆ ಎಂಟು ವರ್ಷದ ಹುಡುಗನ ತಾಯಿ. ಸೀರೆ ಅವಳದಾಗಿರಲಿಲ್ಲ ಎಂದು ಕಾಣುತ್ತದೆ. ನೆರಿಗೆಯನ್ನು ಪಿನ್ನಿನಿಂದ ಎರಡು ಕಡೆ ಕಚ್ಚಿಸಿದ್ದಳು.

"ಎಕ್ಸ್‌ಕ್ಯೂಸ್ ಮಿ," ಎಂದೆ. ಯಾರಿಗೂ ಕೇಳಿಸಲಿಲ್ಲ. ಮತ್ತೆ ಸ್ವಲ್ಪ ಜೋರಾಗಿ, "ಸರ, ಇವ ನನ್ನ ಮಗ ಅಲ್ರಿ. ನಮ್ಮ ಹುಡುಗ ಅಲ್ಲಿ ಅದಾನ. ಅದಲುಬದಲ ಆಗೇತಿ."

ಅಧ್ಯಕ್ಷರು ಮೈಕ್ ಕೈಯಲ್ಲಿ ಹಿಡಿದಿದ್ದರು. ಒಳ್ಳೆಯ ಮನುಷ್ಯ, ಆಗಲೇ ಕಣ್ಣು ತುಂಬಿಕೊಂಡಿದ್ದವು. "ಇರ್ಲಿ ಬಿಡ್ರಿ ತಂಗೀ! ಯಾರ ಮಗ ಆದ್ರೇನು? ತಾಯಿ ಅಂದ್ರ ಎಲ್ಲಾ ತಾಯಂದ್ರೂ ಒಂದರೀ!" ಎಂದು ಮೈಕಿನಲ್ಲೇ ಹೇಳಿದರು. ಸಭೆ ಚಪ್ಪಾಳೆ ತಟ್ಟಿತು.

ನನ್ನ ಭಾಷಣದ ಮೂರನೆಯ ಪುಟದಲ್ಲಿ ನಾನು ಜಗಳ ತೆಗೆದಿದ್ದದ್ದು ಇದೇ ಮಾತಿನ ಜೊತೆ. ಆ ಪುಟ ನನ್ನ ತೊಡೆಯ ಮೇಲಿನ ಚೀಲದಲ್ಲಿತ್ತು. ನನ್ನ ಕಾಲ ಮೇಲೆ ತಣ್ಣೀರು ಬಿತ್ತು.

ಹಲ್ಲಿಲ್ಲದ ಹುಡುಗ ಮನಸಾರೆ ನೀರು ಸುರಿಯುತ್ತಿದ್ದ. ಸೀರೆಯ ಅಂಚು ಮೊಳಕಾಲಿನವರೆಗೆ ತೊಯ್ದಿತು. "ಆಂಟಿ, ಊಟದಾಗ ಜಿಲೇಬಿ ಐತ್ರಿ?" ಎಂದು ಕೇಳಿದ. "ಇರಬೇಕಪ್ಪ" ಎಂದೆ. "ಎಷ್ಟ ಹಾಕ್ತಾರ್ರಿ?" ಎಂದ. ಅವನು ನನ್ನ ಹೆಬ್ಬೆರಳಿಗೆ ಮಾತ್ರ ಕುಂಕುಮ ಬಳಿದು, ಉಳಿದದ್ದನ್ನು ತನ್ನ ಚಡ್ಡಿಗೆ ಒರೆಸಿಕೊಂಡ.

ನಾನು ನಡುವಿನ ಕುರ್ಚಿಯತ್ತ ನೋಡುತ್ತಿದ್ದೆ. ಮಗ ತಲೆ ತಗ್ಗಿಸಿ ಆ ಹೆಂಗಸಿನ ಕಾಲು ತೊಳೆಯುತ್ತಿದ್ದ. ಕಿವಿ ಕೆಂಪಾಗಿದ್ದವು. ಬೆರಳ ಸಂದಿಗಳನ್ನು ಕೂಡ ಬಿಡದೆ, ಹಿಮ್ಮಡಿಯನ್ನು ಎತ್ತಿ ಹಿಡಿದು, ಬೂಟು ತೊಳೆಯುವ ಶ್ರದ್ಧೆಯಿಂದ ತೊಳೆದ. ಅವಳು ಮೊದಲು ನಾಚಿ ಕಾಲು ಹಿಂದಕ್ಕೆ ಎಳೆದುಕೊಂಡಳು. ಆಮೇಲೆ ನಗತೊಡಗಿದಳು. "ಸಾವಕಾಶ ಮಾರಾಯಾ, ಕಚಗುಳಿ ಆಕೈತಿ! ಕಾಲಿಗೆ ಹತ್ತಿದ ಸಿಮೆಂಟ್ ಅದು, ಸುಮ್ಮನ ಬಿಡಂಗಿಲ್ಲ. ಯಾಡ್ ದಿನಾ ನೆನಿ ಇಡಬೇಕು." ಸುತ್ತಲಿನ ಹೆಂಗಸರು ತಮ್ಮ ಅಳುವಿನ ನಡುವೆ ನಕ್ಕರು. ಅವಳು ಬಗ್ಗಿ ಅವನಿಗೆ ಏನೇನೋ ಹೇಳುತ್ತಲೇ ಇದ್ದಳು. ಅವನು ತಲೆ ಆಡಿಸುತ್ತಿದ್ದ. ಅಷ್ಟರಲ್ಲಿ ಸಿ.ಡಿ.ಯಲ್ಲಿ ತಾಯಿಯ ಹಾಡೊಂದು ಜೋರಾಗಿ ಬರತೊಡಗಿದ್ದರಿಂದ ಅದರಲ್ಲಿ ನನಗೆ ಒಂದು ಮಾತೂ ಕೇಳಿಸಲಿಲ್ಲ. ಬಾಯಿ ಆಡುವುದು ಮಾತ್ರ ಕಂಡಿತು, ಮತ್ತು ಅವನು ಕೇಳುತ್ತಿರುವುದು.

ಆರತಿ, ಪ್ರದಕ್ಷಿಣೆ, ಶಾಲು, ಗಣ್ಯರ ಸನ್ಮಾನ. ಎಲ್ಲ ಮುಗಿಯುವ ಹೊತ್ತಿಗೆ ಹಿಂದಿನ ಬಾಗಿಲಿನಿಂದ ಪಲಾವಿನ ವಾಸನೆ ಒಳಗೆ ಬಂದಿತ್ತು. ಕಾರ್ಯದರ್ಶಿ ನನ್ನ ಕಿವಿಯ ಹತ್ತಿರ ಬಂದು, "ಮೇಡಂ, ಎರಡ ನಿಮಿಷದಾಗ ಮುಗಸ್ರಿ. ಅನ್ನ ಆರಾಕತ್ತೈತಿ," ಎಂದರು. ತೊಯ್ದ ಸೀರೆ ಕಾಲಿಗೆ ಅಂಟಿಕೊಂಡಿತ್ತು. ಮೈಕಿನ ಮುಂದೆ ನಿಂತು ಮೊದಲು ಮಗನನ್ನು ಹುಡುಕಿದೆ. ನಡುವಿನ ಸಾಲಿನಲ್ಲಿ ಇರಲಿಲ್ಲ. ಹಿಂದಿನ ಸಾಲಿನಲ್ಲೂ ಇಲ್ಲ. ಹುಡುಗರೆಲ್ಲ ಪರಾತಗಳ ನೀರು ಚೆಲ್ಲಲು ಹೊರಗೆ ಹೋಗಿದ್ದರು.

"ಎಲ್ಲರಿಗೂ ನಮಸ್ಕಾರ. ನಮ್ಮ ಸಿನಿಮಾದಾಗ ತಾಯಿ ಭಾಳ ಅಳ್ತಾಳ, ಆದ್ರ ಆಕಿ..." ಎಂದೆ. ಕುರ್ಚಿಗಳು ಎಳೆದ ಸದ್ದಾಯಿತು. ಮುಂದಿನ ಸಾಲಿನ ಅಜ್ಜ ಎದ್ದು ಕೈ ತೊಳೆಯಲು ಹೊರಟರು, ಅವರ ಹಿಂದೆ ಇಡೀ ಸಾಲು. ಆಕಿ ಏನು ಎಂದು ಯಾರೂ ಕಾಯಲಿಲ್ಲ. ನಾನು ಹೇಳಬಹುದಾಗಿತ್ತು, "ಕುಂದರ್ರಿ, ನನ್ನ ಹದಿನೈದು ನಿಮಿಷ ಕೊಡ್ರಿ" ಎಂದು. ಬಾಯಿಂದ ಬಂದದ್ದು "ಧನ್ಯವಾದಗಳು." ಅಧ್ಯಕ್ಷರು ಜೋರಾಗಿ ಚಪ್ಪಾಳೆ ತಟ್ಟಿ, "ಭಾಳ ಚಲೋ ಮಾತಾಡಿದ್ರಿ, ಚುಟುಕಾಗಿ!" ಎಂದರು.

ತಿರುಗಿ ಬರುವಾಗ ಬಸ್ಸಿನಲ್ಲಿ ನಿಲ್ಲಲು ಮಾತ್ರ ಜಾಗ ಸಿಕ್ಕಿತು. ಕಂಬಿ ಹಿಡಿದುಕೊಂಡು ಮಗ ತಾನಾಗಿಯೇ ಮಾತಿಗೆ ತೊಡಗಿದ. ಅದು ಎಷ್ಟು ದಿನಗಳ ಮೇಲೆ ಎಂದು ನನಗೆ ಗೊತ್ತು.

"ಆ ಆಂಟಿ ಭಾರೀ ಮಾತಾಡ್ತಾಳಮ್ಮ. ನಾಕನೇ ಮಜಲಿಗೆ ತಲಿ ಮ್ಯಾಲ ಇಟ್ಟಂಗಿ ಹೊತ್ತು ಹತ್ತತಾಳಂತ. ಪ್ರತಿ ವಾರ ಪಗಾರ ಆದ ಕೂಡ್ಲೆ ಸಿನಿಮಾಕ್ಕ ಹೋಗ್ತಾಳಂತ. ಗೊತ್ತೇನ್ ನಿನಗ, ಆಕಿಗೆ ವಿಲನ್ ಅಂದ್ರ ಸೇರ್ತಾನಂತ!"

"ಹೌದೇನು."

"ತಾಯಿ ಅಳೂ ಸೀನ್ ಬಂದ್ರ ಶೇಂಗಾ ತರಾಕ ಹೊರಗ ಎದ್ದು ಹೋಗ್ತಾಳಂತ. 'ಹೊಳ್ಳಿ ಬರೂದ್ರಾಗ ಆಕಿ ಸತ್ತಿರ್ತಾಳ, ಮತ್ತ ಫೈಟಿಂಗ್ ಚಾಲೂ ಆಗಿರ್ತೈತಿ' ಅಂದ್ಲು." ಅವನು ನಕ್ಕ. ಎಷ್ಟು ಜೋರಾಗಿ ನಕ್ಕನೆಂದರೆ ಮುಂದಿನ ಸೀಟಿನವರು ಹೊರಳಿ ನೋಡಿದರು.

ನನಗೂ ನಗು ಬಂತು, ಬಂದದ್ದಕ್ಕೆ ಸಿಟ್ಟೂ ಬಂತು. ಅವನು ಒಬ್ಬ ತಾಯಿಯ ಮಾತನ್ನು ಮೊದಲಿನಿಂದ ಕೊನೆಯವರೆಗೆ ಕೂತು ಕೇಳಿದ್ದ. ಹಾಡಿನ ಗದ್ದಲದಲ್ಲಿ, ತಲೆ ಎತ್ತದೆ, ಒಂದಕ್ಷರ ಬಿಡದೆ. ಆ ತಾಯಿ ನಾನಾಗಿರಲಿಲ್ಲ ಅಷ್ಟೇ.

"ನನ್ನ ಭಾಷಣ ಕೇಳಿದೇನು?" ಎಂದೆ, ಉತ್ತರ ಗೊತ್ತಿದ್ದೂ.

"ಆತೇನ್ ಅದು? ಯಾವಾಗ?"

ಮನೆಗೆ ಬಂದು ಸೀರೆ ಬದಲಿಸಿದವಳೇ ಅವನನ್ನು ಕರೆದು ಹೊರಗಿನ ಕೋಣೆಯ ಮಂಚದ ಮೇಲೆ ಕೂಡಿಸಿದೆ. "ಹದಿನೈದು ನಿಮಿಷ. ಮಾತು ಕೊಟ್ಟೀದಿ," ಎಂದೆ. ಅವನು ದಿಂಬು ತೊಡೆಯ ಮೇಲೆ ಇಟ್ಟುಕೊಂಡು ಕೂತ. ಓದಿದೆ. ಹೊಲಿಗೆ ಯಂತ್ರ ಓದಿದೆ, ಖಾಲಿ ಗಡಿಗೆ ಓದಿದೆ. ನಡುವೆ ಒಂದು ವಿಮಾನ ಇಳಿಯಿತು, ನಿಲ್ಲಿಸಿ ಕಾದೆ. ಕನ್ನಡಕದ ಕತೆಗೆ ಬಂದಾಗ ಅವನು ಬಾಗಿಲ ಕಡೆಗೆ ನೋಡಲಿಲ್ಲ. ನನ್ನ ಕಡೆಗೇ ನೋಡುತ್ತಿದ್ದ.

"ಒಂದು ಕೇಳಲೇನು?" ಎಂದ.

"ಕೇಳು."

"ಇದರಾಗ ಮಗ ಏನ್ ಅಂತಾನ?"

"ಯಾವ ಮಗ?"

"ಯಾವನರ. ತಾಯಿ ಮಾತಾಡಂಗಿಲ್ಲ ಅಂತ ನೀ ಬರದೀದಿ. ಖರೇ ಐತಿ. ಮಗ ಆದ್ರೂ ಏನ್ ಮಾತಾಡ್ತಾನಮ್ಮ? 'ಅಮ್ಮಾ' ಅಂತ ಒದರತಾನ, ಅಳತಾನ, ಕಾಲಿಗೆ ಬೀಳತಾನ. ಅವಗೂ ಯಾರೂ ಏನೂ ಕೇಳಂಗಿಲ್ಲಲ್ಲ. ಇವತ್ತ ನನ್ನ ಯಾರರ ಕೇಳಿದ್ರೇನು, ಕಾಲ್ ತೊಳೀತಿ ಏನಪಾ ಅಂತ?"

ನನ್ನ ಬಳಿ ಐದು ಪುಟ ಇದ್ದವು. ಅವುಗಳಲ್ಲಿ ಮಗನ ಬಾಯಿಗೆ ನಾನೂ ಒಂದು ಮಾತು ಕೊಟ್ಟಿರಲಿಲ್ಲ. ಒಳ್ಳೆಯ ಪ್ರಶ್ನೆ ಕೇಳಿದೆ ಮಗನೇ ಎಂದು ಹೇಳಬೇಕಿತ್ತು. ಅಂದಿನ ಇಡೀ ದಿನ ನುಂಗಿದ್ದೆಲ್ಲ ಒಮ್ಮೆಲೇ ಮೇಲೆ ಬಂದು, "ಮೊದಲ ಪೂರ್ತಿ ಕೇಳು, ಆಮ್ಯಾಲೆ ವಾದ ಮಾಡು!" ಎಂದೆ. ಅವನ ಮುಖ ಮುಚ್ಚಿಕೊಂಡದ್ದು ನನಗೆ ಕಂಡಿತು, ಅಂಗಡಿಯ ಶಟರ್ ಇಳಿದ ಹಾಗೆ. ಹೊರಗಿನಿಂದ ಯಾರೋ ಸಿಳ್ಳೆ ಹಾಕಿದರು. ಅವನ ಗೆಳೆಯರು, ಬೆಳಗಿನ ಮ್ಯಾಚ್ ಸೋತು, ಸಂಜೆ ಮತ್ತೆ ಆಡಲು ಹೊರಟಿದ್ದರು.

"ಉಳಿದದ್ದು ಆಮ್ಯಾಲೆ ಕೇಳ್ತೇನಿ," ಎಂದ. ಮಣ್ಣಿನ ಸಾಕ್ಸ್ ಜೇಬಿಗೆ ತುರುಕಿಕೊಂಡು ಹೋದ.

ನಾನು ಪುಟಗಳನ್ನು ಸರಿಮಾಡಿ, ಮೂರನೆಯದನ್ನು ಮೂರನೆಯದರ ಜಾಗದಲ್ಲಿಟ್ಟೆ. ಆಮೇಲೆ ಸೀರೆ ಒಗೆದು ಅಂಗಳದ ತಂತಿಗೆ ಹಾಕಲು ಹೊರಗೆ ಬಂದೆ. ಕುಂಕುಮದ ಕೆಂಪು ಅಂಚಿನಿಂದ ಮೇಲಕ್ಕೆ ಹರಡಿತ್ತು, ಸೋಪು ಹಚ್ಚಿ ಉಜ್ಜಿದರೂ ಹೋಗಿರಲಿಲ್ಲ. ಪಕ್ಕದ ಮನೆಯಾಕೆ ತಮ್ಮ ಕಟ್ಟೆಯ ಮೇಲೆ ಕೂತು ಮೀನಿನವಳಿಗೆ ಕಾಯುತ್ತಿದ್ದರು. ವಿಜಯಪುರದ ಕಡೆಯವರು, ಗೋವೆಗೆ ಬಂದ ಮೇಲೆ ಮೀನು ರೂಢಿಸಿಕೊಂಡವರು. ಕಾರ್ಯಕ್ರಮಕ್ಕೆ ಬಂದಿರಲಿಲ್ಲ, ಆದರೆ ಸುದ್ದಿ ಅವರಿಗೆ ನಮಗಿಂತ ಮೊದಲು ಬಸ್ಸಿನಲ್ಲಿ ಬಂದು ತಲುಪಿತ್ತು.

"ಏನ್ ಅಕ್ಕಾರ, ಭಾಷಣ ಆಗಲಿಲ್ಲಂತ?" ಎಂದು ಕೂತಲ್ಲಿಂದಲೇ ಕೇಳಿದರು.

"ಇಲ್ರಿ. ಹೊತ್ತಾಗಿತ್ತು."

"ಹೋಗ್ಲಿ ಬಿಡ್ರಿ, ಭಾಷಣ ಯಾರ್ ಬೇಕಾದ್ರೂ ಮಾಡ್ತಾರ." ಅವರು ತಿರುವಿನತ್ತ ಕತ್ತು ಉದ್ದ ಮಾಡಿ ಮೀನಿನವಳ ಬುಟ್ಟಿ ಕಾಣುತ್ತದೆಯೋ ಎಂದು ನೋಡಿದರು. "ಮಗನ ಕೈಲೆ ಕಾಲು ತೊಳಸ್ಕೊಂಡು ಬಂದ್ರಿ, ಪುಣ್ಯೇವಂತ್ರು ನೀವು. ನಮ್ಮ ಹುಡುಗಂತೂ ತನ್ನ ಕಾಲೇ ತೊಳ್ಕೊಳ್ಳಂಗಿಲ್ರಿ, ಹಂಗ ಹಾಸಿಗಿ ಹತ್ತತಾನ."